ಕೆರೆಗಿಳಿದ ಅನ್ಯಜೀವಿ: ಕಾನೂನಿನ ಕೈ ಎಲ್ಲಿಯವರೆಗೆ?

ಮಳೆಗಾಲ ಮುಗಿಯುವ ಹೊತ್ತಿಗೆ ಬೆಂಗಳೂರಿನ ಎಷ್ಟೋ ಕೆರೆಗಳ ಏರಿಯ ಮೇಲೆ ನಿಂತು ನೋಡಿದರೆ ನೀರಿನ ಬದಲು ಹಸಿರು ಬಯಲು ಕಾಣುತ್ತದೆ. ದಪ್ಪ ಎಲೆ, ಗಾಳಿ ತುಂಬಿ ಉಬ್ಬಿದ ತೊಟ್ಟು, ನಡುನಡುವೆ ತಿಳಿನೇರಳೆ ಹೂ. ದೂರದಿಂದ ಬಲು ಚೆಂದ. ಅದರ ಅಂಚಿನಲ್ಲಿ ಯಂತ್ರವೊಂದು ಗಿಡಗಳನ್ನು ಬಾಚಿ ದಡಕ್ಕೆ ಹಾಕುತ್ತಿರುತ್ತದೆ. ಮರುವರ್ಷ ಬಂದರೂ ಅದೇ ಗಿಡ, ಅದೇ ಯಂತ್ರ. ಬೆಳಗಿನ ನಡಿಗೆಗೆ ಬಂದವರಲ್ಲಿ ಒಬ್ಬರಾದರೂ ಕೇಳಿಯೇ ಕೇಳುತ್ತಾರೆ: ಇದನ್ನು ತಡೆಯಲು ಒಂದು ಕಾನೂನು ಇಲ್ಲವೇ?

ಇದೆ. ಒಂದಲ್ಲ, ಹಲವು ಇವೆ. ಇಂಥ ಕಾನೂನುಗಳ ಇತಿಹಾಸಕ್ಕೆ ನೂರು ವರ್ಷ ದಾಟಿದೆ. ಆದರೆ ಹಳೆಯ ಊರುಗಳ ಅಗಸೆ ಬಾಗಿಲ ಕಾವಲುಗಾರರಂತೆ ಇವು ಒಂದೊಂದೂ ಒಂದೊಂದು ಬಾಗಿಲಲ್ಲಿ ನಿಂತಿವೆ. ಒಂದು ಬಂದರನ್ನು ನೋಡುತ್ತದೆ, ಇನ್ನೊಂದು ಮೀನು ಸಾಕುವ ಹೊಂಡವನ್ನು, ಮತ್ತೊಂದು ಕಾಡನ್ನು. ಬಾಗಿಲು ದಾಟಿ ನೀರಿಗೆ ಇಳಿದ ಜೀವಿಯನ್ನು ಬೆನ್ನಟ್ಟುವವರು ಯಾರು ಎಂಬಲ್ಲಿ ಗೊಂದಲ ಶುರುವಾಗುತ್ತದೆ. ಈ ಗೊಂದಲ ಎಲ್ಲಿಂದ ಬಂತು, ಎಲ್ಲಿ ಕಾನೂನು ಕೆಲಸ ಮಾಡಿದೆ, ಎಲ್ಲಿ ಕೈಚೆಲ್ಲಿದೆ ಎಂಬುದನ್ನು ಬುಡದಿಂದ ನೋಡೋಣ.

ಹೊರಗಿನದೆಲ್ಲ ಹಾವಳಿಯಲ್ಲ

ಒಂದು ಜಾಗದಲ್ಲಿ ಸಹಜವಾಗಿ ಇಲ್ಲದ, ಮನುಷ್ಯ ತಂದಿಟ್ಟ ಅಥವಾ ಅವನ ವಾಹನ, ಸರಕಿನ ಜೊತೆ ಬಂದ ಜೀವಿಯನ್ನು ‘ಅನ್ಯ ಪ್ರಭೇದ’ ಎನ್ನುತ್ತಾರೆ. ಹಾಗೆ ನೋಡಿದರೆ ನಮ್ಮ ಸಾರಿನ ಮೆಣಸಿನಕಾಯಿ ಅಮೆರಿಕ ಖಂಡದ್ದು, ಮುದ್ದೆಯ ರಾಗಿಯ ಮೂಲ ಆಫ್ರಿಕಾ. ಎರಡೂ ಅನ್ಯವೇ. ಆದರೆ ಮೆಣಸಿನ ಗಿಡ ಹೊಲದ ಬದು ದಾಟಿ ಹೋಗಿ ಕಾಡನ್ನು ನುಂಗಿದ್ದನ್ನು ಯಾರೂ ಕಂಡಿಲ್ಲ. ರೈತ ನೀರು, ಗೊಬ್ಬರ ಕೊಡದಿದ್ದರೆ ಅದು ಅಲ್ಲೇ ಒಣಗುತ್ತದೆ.

ಬಂದ ಜೀವಿ ಯಾರ ಆರೈಕೆಯೂ ಇಲ್ಲದೆ ತಾನೇ ಹರಡಿ, ಸ್ಥಳೀಯ ಜೀವಿಗಳ ಆಹಾರ ಮತ್ತು ನೆಲೆಯನ್ನು ಕಿತ್ತುಕೊಂಡಾಗ ಅದು ‘ಆಕ್ರಮಣಕಾರಿ ಅನ್ಯ ಪ್ರಭೇದ’ ಆಗುತ್ತದೆ. ನೆಲದ ಮೇಲೆ ಲಂಟಾನ ಮತ್ತು ಕಾಂಗ್ರೆಸ್ ಗಿಡ ನಮಗೆ ಗೊತ್ತಿರುವ ಉದಾಹರಣೆಗಳು. ನೀರಿನಲ್ಲಿ ವಾಟರ್ ಹಯಸಿಂತ್, ಆಫ್ರಿಕನ್ ಕ್ಯಾಟ್‌ಫಿಶ್, ನಾವು ಜಿಲೇಬಿ ಮೀನು ಎನ್ನುವ ತಿಲಾಪಿಯ. ವಾಟರ್ ಹಯಸಿಂತ್ ಅನ್ನು ನಮ್ಮಲ್ಲಿ ಹಲವರು ಅಂತರಗಂಗೆ ಎಂದೂ ಕರೆಯುತ್ತಾರೆ. ಆ ಹೆಸರು ನಿಜಕ್ಕೂ ಎಲೆಕೋಸಿನ ಆಕಾರದ ಬೇರೊಂದು ತೇಲುವ ಗಿಡದ್ದು. ಆದ್ದರಿಂದ ಈ ಬರಹದಲ್ಲಿ ಹಯಸಿಂತ್ ಎಂದೇ ಬರೆಯುತ್ತೇನೆ.

ಬೇರೆ ಊರಿನಲ್ಲಿ ಇವಕ್ಕೆ ಇಷ್ಟು ಸೊಕ್ಕು ಬರುವುದು ಹೇಗೆ? ತವರಿನಲ್ಲಿ ಇವನ್ನು ತಿನ್ನುವ ಹುಳ, ಕಾಡುವ ರೋಗ, ಬೇಟೆಯಾಡುವ ಮೀನು ಇರುತ್ತವೆ. ಸಾವಿರಾರು ವರ್ಷ ಒಟ್ಟಿಗೆ ಬಾಳಿ ಒಂದರ ಬೆಳವಣಿಗೆಯನ್ನು ಇನ್ನೊಂದು ಹದದಲ್ಲಿ ಇಟ್ಟಿರುತ್ತವೆ. ಸಮುದ್ರ ದಾಟುವಾಗ ಗಿಡ ಮಾತ್ರ ದಾಟುತ್ತದೆ, ಅದರ ಶತ್ರು ಅಲ್ಲೇ ಉಳಿಯುತ್ತದೆ.

ಜೀವವೈವಿಧ್ಯದ ಕುರಿತು ಸರ್ಕಾರಗಳಿಗೆ ವೈಜ್ಞಾನಿಕ ಮಾಹಿತಿ ಕೊಡುವ ಐಪಿಬಿಇಎಸ್ ಎಂಬ ಅಂತರರಾಷ್ಟ್ರೀಯ ವೇದಿಕೆ 2023ರಲ್ಲಿ ಒಂದು ವರದಿ ಪ್ರಕಟಿಸಿತು. ಜಗತ್ತಿನಲ್ಲಿ ಹೀಗೆ ನೆಲೆ ಬದಲಿಸಿದ ಪ್ರಭೇದಗಳು ಸುಮಾರು 37,000, ಅವುಗಳಲ್ಲಿ ಹಾನಿಕಾರಕವಾದವು 3,500ಕ್ಕೂ ಹೆಚ್ಚು. 2019ರಲ್ಲಿ ಇವುಗಳಿಂದಾದ ನಷ್ಟ 42,300 ಕೋಟಿ ಡಾಲರ್. ಅದೇ ವರದಿಯ ಇನ್ನೊಂದು ಸಂಖ್ಯೆ ನಮ್ಮ ಪ್ರಶ್ನೆಗೆ ಹತ್ತಿರದ್ದು: ಈ ಸಮಸ್ಯೆಗಾಗಿಯೇ ಪ್ರತ್ಯೇಕ ಕಾನೂನು ಅಥವಾ ನಿಯಮ ಇರುವ ದೇಶಗಳು ಕೇವಲ ಶೇ 17.

ಗುಂಟೆ ಲೆಕ್ಕ

ಕಾನೂನು ತಡವಾಗಿ ಏಳುವುದಕ್ಕೆ ಒಂದು ಕಾರಣ ಲೆಕ್ಕದಲ್ಲಿದೆ. ಅನುಕೂಲಕರ ಹವೆಯಲ್ಲಿ, ಕೊಳಚೆ ಸೇರಿದ ನೀರಿನಲ್ಲಿ ಹಯಸಿಂತ್ ಸುಮಾರು ಎರಡು ವಾರಕ್ಕೆ ಇಮ್ಮಡಿಯಾಗಬಲ್ಲದು. ನಲವತ್ತು ಎಕರೆಯ ಕೆರೆಯೊಂದನ್ನು ಊಹಿಸಿಕೊಳ್ಳಿ, ಅಂದರೆ 1,600 ಗುಂಟೆ. ಮೂಲೆಯಲ್ಲಿ ಒಂದು ಗುಂಟೆ ಹಯಸಿಂತ್ ಇದೆ. ಎರಡು ವಾರಕ್ಕೆ ಎರಡು ಗುಂಟೆ, ನಾಲ್ಕು ವಾರಕ್ಕೆ ನಾಲ್ಕು. ಹತ್ತನೇ ವಾರದಲ್ಲೂ ಅದು 32 ಗುಂಟೆ, ಒಂದು ಎಕರೆಗೂ ಕಡಿಮೆ. ಯಾರೂ ದೂರು ಕೊಡುವುದಿಲ್ಲ. ಹದಿನೆಂಟನೇ ವಾರಕ್ಕೆ 512 ಗುಂಟೆ, ಇನ್ನೂ ಮೂರನೇ ಎರಡು ಪಾಲು ನೀರು ತೆರೆದೇ ಇದೆ. ಈಗ ಅರ್ಜಿ ಹೋಗುತ್ತದೆ, ಅಂದಾಜು ಪಟ್ಟಿ ತಯಾರಾಗುತ್ತದೆ, ಟೆಂಡರ್ ಕರೆಯುತ್ತಾರೆ. ಇಪ್ಪತ್ತೆರಡನೇ ವಾರಕ್ಕೆ ಕೆರೆ ಪೂರ್ತಿ ಮುಚ್ಚಿರುತ್ತದೆ.

ಉಗುರಿನಿಂದ ಹೋಗುವುದಕ್ಕೆ ಕೊಡಲಿ ಎತ್ತಿದರು ಎನ್ನುತ್ತಾರಲ್ಲ, ಇಲ್ಲಿ ಉಗುರಿನ ಕಾಲ ಬಹಳ ಗಿಡ್ಡದು. ಆದ್ದರಿಂದಲೇ ಪರಿಣತರು ಸರ್ಕಾರದ ಕೆಲಸವನ್ನು ನಾಲ್ಕು ಹಂತವಾಗಿ ನೋಡುತ್ತಾರೆ. ಬರದಂತೆ ತಡೆಯುವುದು, ಬಂದ ಕೂಡಲೇ ಪತ್ತೆ ಹಚ್ಚಿ ಬುಡಸಮೇತ ತೆಗೆಯುವುದು, ಅದು ಆಗದಿದ್ದರೆ ಬೇರೆ ನೀರಿಗೆ ಹೋಗದಂತೆ ಕಟ್ಟಿಹಾಕುವುದು, ಅದೂ ಕೈಮೀರಿದರೆ ವರ್ಷ ವರ್ಷ ಹಣ ಸುರಿದು ಹದ್ದುಬಸ್ತಿನಲ್ಲಿ ಇಡುವುದು. ಕೆಳಗಿಳಿದಷ್ಟೂ ಖರ್ಚು ಹೆಚ್ಚು, ಗೆಲುವು ಕಡಿಮೆ.

ನೀರು ಈ ಕಷ್ಟವನ್ನು ಹೆಚ್ಚಿಸುತ್ತದೆ. ಹೊಲದ ಕಳೆ ಕಣ್ಣಿಗೆ ಕಾಣುತ್ತದೆ. ಕೆರೆಯ ತಳದಲ್ಲಿ ಮೊಟ್ಟೆಯಿಡುವ ಮೀನು ಕಾಣುವುದಿಲ್ಲ. ಕೆರೆ ಕೋಡಿ ಬಿದ್ದರೆ ಒಂದೇ ರಾತ್ರಿಯಲ್ಲಿ ಅದು ಮುಂದಿನ ಕೆರೆ ಸೇರುತ್ತದೆ. ನಮ್ಮ ಪೂರ್ವಿಕರು ಕೆರೆಗಳನ್ನು ಸರಪಣಿಯಂತೆ ಒಂದಕ್ಕೊಂದು ಜೋಡಿಸಿ ಕಟ್ಟಿದರು. ಆ ಜಾಣ್ಮೆಯ ದಾರಿಯಲ್ಲೇ ಇಂದು ಕಳೆಯೂ ಅನ್ಯ ಮೀನೂ ಇಳಿದು ಹೋಗುತ್ತಿವೆ.

ಬಂಗಾಳದ ಪಾಠ

ಭಾರತದಲ್ಲಿ ಜಲಕಳೆಯ ವಿರುದ್ಧ ಸರ್ಕಾರ ನಡೆಸಿದ ದೊಡ್ಡ ಹೋರಾಟದ ಕತೆ ಬಂಗಾಳದ್ದು. ಇದನ್ನು ಸ್ವಲ್ಪ ವಿವರವಾಗಿ ಹೇಳಬೇಕು. ಇಂದು ನಾವು ಎದುರಿಸುತ್ತಿರುವ ಬಹುಪಾಲು ಪ್ರಶ್ನೆಗಳನ್ನು ಅವರು ಆಗಲೇ ಎದುರಿಸಿದ್ದರು.

ದಕ್ಷಿಣ ಅಮೆರಿಕದ ಅಮೆಜಾನ್ ಸೀಮೆಯ ಹಯಸಿಂತ್ 19ನೇ ಶತಮಾನದ ಕೊನೆಯ ಹೊತ್ತಿಗೆ ಹೂವಿನ ಚೆಲುವಿಗಾಗಿ ಬಂಗಾಳದ ಕೊಳಗಳಿಗೆ ಬಂತು. 1920ರ ವೇಳೆಗೆ ಪೂರ್ವ ಬಂಗಾಳದ ನದಿ, ಕಾಲುವೆಗಳು ಅದರಿಂದ ಕಟ್ಟಿಕೊಂಡವು. ದೋಣಿಯೇ ರಸ್ತೆಯಾಗಿದ್ದ ನಾಡಿನಲ್ಲಿ ದೋಣಿ ಚಲಿಸದಾಯಿತು. ಪ್ರವಾಹ ಬಂದಾಗ ತೇಲಿಬಂದ ಗಿಡದ ರಾಶಿ ಭತ್ತದ ಪೈರಿನ ಮೇಲೆ ಕುಳಿತು ಪೈರನ್ನು ಮಲಗಿಸಿಬಿಡುತ್ತಿತ್ತು. ಬಂಗಾಳಿಗಳು ಅದನ್ನು ಕಚೂರಿಪಾನಾ ಎಂದು ಕರೆದರು. 1921ರಲ್ಲಿ ಸರ್ಕಾರ ಒಂದು ಸಮಿತಿ ರಚಿಸಿತು. ಅದರ ಅಧ್ಯಕ್ಷರು ಸಸ್ಯಗಳ ಸ್ಪಂದನವನ್ನು ಜಗತ್ತಿಗೆ ತೋರಿಸಿಕೊಟ್ಟ ವಿಜ್ಞಾನಿ ಜಗದೀಶ್ ಚಂದ್ರ ಬೋಸ್.

1936ರಲ್ಲಿ ಬಂಗಾಳ ವಾಟರ್ ಹಯಸಿಂತ್ ಕಾಯ್ದೆ ಬಂತು. ಅದರ ತಿರುಳು ಸರಳ: ಯಾರ ಸ್ವಾಧೀನದ ಜಾಗದಲ್ಲಿ ಗಿಡ ಇದೆಯೋ ಅದನ್ನು ನಾಶ ಮಾಡುವ ಹೊಣೆ ಅವರದು. ಮುಂದಿನ ವರ್ಷ, 1937ರ ಚುನಾವಣೆಯಲ್ಲಿ ಪಕ್ಷಗಳು ಕಚೂರಿಪಾನಾ ನಿರ್ಮೂಲನೆಯನ್ನು ಪ್ರಣಾಳಿಕೆಯಲ್ಲೇ ಸೇರಿಸಿದವು. ಗೆದ್ದು ಬಂದ ಫಜ್ಲುಲ್ ಹಕ್ ಸರ್ಕಾರ ಹಳ್ಳಿಹಳ್ಳಿಯ ಜನರನ್ನು ನೀರಿಗಿಳಿಸಿ ಗಿಡ ಕೀಳಿಸುವ ಸಾಮೂಹಿಕ ಅಭಿಯಾನವನ್ನೇ ನಡೆಸಿತು. ಒಂದು ಗಿಡದ ವಿರುದ್ಧ ಮತ ಕೇಳಿದ ಚುನಾವಣೆ ಬೇರೆಲ್ಲಿಯಾದರೂ ನಡೆದಿದ್ದನ್ನು ನಾನು ಕೇಳಿಲ್ಲ.

ಅಭಿಯಾನದಿಂದ ಎಷ್ಟೋ ಕಾಲುವೆಗಳು ತೆರೆದುಕೊಂಡವು, ದೋಣಿಗಳು ಓಡಿದವು. ಆದರೆ ಗಿಡ ಹೋಗಲಿಲ್ಲ, ಇಂದಿಗೂ ಎರಡೂ ಬಂಗಾಳಗಳಲ್ಲಿ ಇದೆ. ಕಾರಣಗಳಲ್ಲಿ ಒಂದು ಜೀವಶಾಸ್ತ್ರದ್ದು: ಅದರ ಬೀಜ ಕೆಸರಿನಲ್ಲಿ ಹದಿನೈದು ವರ್ಷಕ್ಕೂ ಮೀರಿ ಜೀವ ಹಿಡಿದಿರಬಲ್ಲದು. ಇನ್ನೊಂದು ಕಾನೂನಿನದು: ನನ್ನ ಕೊಳವನ್ನು ನಾನು ಶುದ್ಧ ಮಾಡಿದರೂ ಮೇಲಿನ ಹರಿವಿನವನು ಮಾಡದಿದ್ದರೆ ಮುಂದಿನ ಮಳೆಗೆ ಅದು ನನ್ನಲ್ಲಿಗೇ ಬರುತ್ತದೆ. ಜಮೀನಿಗೆ ಒಡೆಯನಿದ್ದಾನೆ, ಹರಿವ ನೀರಿಗೆ ಯಾರು?

ಕರ್ನಾಟಕವೂ ಇದೇ ಮಾದರಿಯ ಅಧಿಕಾರವನ್ನು ನೆಲದ ಕಳೆಯೊಂದರ ಮೇಲೆ ಪ್ರಯೋಗಿಸಿತ್ತು. ಕೃಷಿ ಕೀಟ ಮತ್ತು ರೋಗಗಳ ಕಾಯ್ದೆಯಡಿ 1975ರಲ್ಲಿ ಕಾಂಗ್ರೆಸ್ ಗಿಡವನ್ನು ಹಾನಿಕಾರಕ ಕಳೆ ಎಂದು ಘೋಷಿಸಿತು. ಆ ಗಿಡ ಇಂದು ಎಷ್ಟು ಸಮೃದ್ಧವಾಗಿದೆ ಎಂಬುದನ್ನು ನೋಡಲು ಯಾವುದೇ ರಸ್ತೆಬದಿ ಸಾಕು.

ಬಾಗಿಲಿಗೊಂದು ಇಲಾಖೆ

ಇಂದಿನ ವ್ಯವಸ್ಥೆ ಅರ್ಥವಾಗಬೇಕಾದರೆ ಸಂವಿಧಾನದ ಮೂರು ಪಟ್ಟಿಗಳನ್ನು ನೆನೆಯಬೇಕು. ವಿದೇಶದಿಂದ ಆಮದು ಮತ್ತು ಬಂದರಿನ ಕ್ವಾರಂಟೈನ್ ಕೇಂದ್ರದ ಪಟ್ಟಿಯಲ್ಲಿವೆ. ಕೆರೆ, ನೀರಾವರಿ, ಒಳನಾಡಿನ ಮೀನುಗಾರಿಕೆ ರಾಜ್ಯದವು. ವನ್ಯಜೀವಿ ರಕ್ಷಣೆ ಇಬ್ಬರಿಗೂ ಸೇರಿದ ಸಮವರ್ತಿ ಪಟ್ಟಿಯಲ್ಲಿದೆ. ಅನ್ಯ ಮೀನೊಂದು ವಿಮಾನದಲ್ಲಿ ಬಂದಿಳಿದಾಗ ಕೇಂದ್ರದ ವಿಷಯ, ಹೊಂಡದಲ್ಲಿ ಬೆಳೆಯುವಾಗ ರಾಜ್ಯದ ವಿಷಯ, ಅಭಯಾರಣ್ಯದ ನದಿಗೆ ನುಗ್ಗಿದಾಗ ಇಬ್ಬರದೂ.

ಸಸ್ಯ, ಬೀಜ, ಕೀಟಗಳ ಆಮದನ್ನು 1914ರ ವಿನಾಶಕಾರಿ ಕೀಟಗಳ ಕಾಯ್ದೆ ಮತ್ತು ಅದರಡಿ ಬಂದ 2003ರ ಸಸ್ಯ ಕ್ವಾರಂಟೈನ್ ಆದೇಶ ನಿಯಂತ್ರಿಸುತ್ತವೆ. ಹೊಸ ಮೀನು, ಸಿಗಡಿಗಳನ್ನು ತರಬೇಕಾದರೆ ಕೇಂದ್ರದ ಮೀನುಗಾರಿಕೆ ಇಲಾಖೆಯಡಿ ಇರುವ ರಾಷ್ಟ್ರೀಯ ಸಮಿತಿ ಅಪಾಯವನ್ನು ತೂಗಿ ನೋಡುತ್ತದೆ.

ಈ ಬಾಗಿಲು ಚೆನ್ನಾಗಿ ಕೆಲಸ ಮಾಡಿದ್ದಕ್ಕೂ ಉದಾಹರಣೆ ಇದೆ. ಪೆಸಿಫಿಕ್ ಕರಾವಳಿಯ ವೆನ್ನಾಮಿ ಸಿಗಡಿಗೆ ಭಾರತ ಮೊದಲು ಪ್ರಾಯೋಗಿಕವಾಗಿ, ಬಳಿಕ 2009ರಲ್ಲಿ ವ್ಯಾಪಕವಾಗಿ ಅನುಮತಿ ಕೊಟ್ಟಿತು. ರೋಗಮುಕ್ತ ಎಂದು ಪ್ರಮಾಣಿತವಾದ ತಾಯಿ ಸಿಗಡಿಗಳನ್ನು ಮಾತ್ರ ತರಬೇಕು, ಅವು ಚೆನ್ನೈನ ನೀಲಾಂಕರೈನಲ್ಲಿರುವ ಜಲಚರ ಕ್ವಾರಂಟೈನ್ ಕೇಂದ್ರವನ್ನು ಹಾದು ಬರಬೇಕು, ಮರಿ ಮಾಡುವವರೂ ಸಾಕುವವರೂ ಕರಾವಳಿ ಜಲಕೃಷಿ ಪ್ರಾಧಿಕಾರದಲ್ಲಿ ನೋಂದಾಯಿಸಿರಬೇಕು. ಅನ್ಯ ಪ್ರಭೇದವನ್ನು ಬೇಡ ಎನ್ನದೆ, ಬೇಲಿಯೊಳಗೆ ಬಾ ಎನ್ನುವ ಕ್ರಮ ಇದು.

ಆದರೆ ಸರ್ಕಾರವೇ ಬಾಗಿಲು ತೆರೆದ ಸಂದರ್ಭಗಳೂ ಇವೆ. ಆಫ್ರಿಕಾದ ತಿಲಾಪಿಯ 1952ರಲ್ಲಿ ಬಂತು. ಬಡವರಿಗೆ ಅಗ್ಗದ ಪೌಷ್ಟಿಕ ಆಹಾರ ಎಂಬುದು ಆಗಿನ ಆಸೆ, ಮತ್ತು ಅದು ಸುಳ್ಳು ಆಸೆಯೇನೂ ಆಗಿರಲಿಲ್ಲ. ಆದರೆ ಈ ಮೀನಿನ ತಾಯಿ ಮೊಟ್ಟೆ, ಮರಿಗಳನ್ನು ಬಾಯೊಳಗೇ ಇಟ್ಟುಕೊಂಡು ಕಾಯುತ್ತದೆ, ಬದುಕುಳಿಯುವ ಮರಿಗಳು ಹೆಚ್ಚು. ಬೇಗ ಬೇಗ ಮರಿ ಹಾಕುತ್ತದೆ. ಕೆರೆ ತುಂಬ ಸಣ್ಣ ಸಣ್ಣ ಜಿಲೇಬಿ ತುಂಬಿಕೊಂಡು ಕಾಟ್ಲಾ, ರೋಹುಗಳಿಗೆ ಜಾಗವಿಲ್ಲದಂತಾಯಿತು. ಏಳೇ ವರ್ಷದಲ್ಲಿ, 1959ರಲ್ಲಿ, ಅದರ ಪ್ರಸಾರವನ್ನು ನಿಷೇಧಿಸಲಾಯಿತು. ಅಷ್ಟರಲ್ಲಿ ಅದು ಊರೂರಿನ ಕೆರೆ ಸೇರಿಯಾಗಿತ್ತು. ಊರು ಕೊಳ್ಳೆ ಹೋದ ಮೇಲೆ ಕೋಟೆ ಬಾಗಿಲು ಹಾಕಿದಂತೆ.

ಗ್ಯಾಂಬೂಸಿಯ ಎಂಬ ಪುಟ್ಟ ಮೀನಿನದು ಇನ್ನೂ ವಿಚಿತ್ರ ಪರಿಸ್ಥಿತಿ. ಸೊಳ್ಳೆಯ ಮರಿ ತಿನ್ನುತ್ತದೆ ಎಂದು ಆರೋಗ್ಯ ಇಲಾಖೆಗಳು ಅದನ್ನು ದಶಕಗಳಿಂದ ಬಾವಿ, ಕೊಳಗಳಿಗೆ ಬಿಡುತ್ತಾ ಬಂದಿವೆ. ಅದೇ ಮೀನು ಸ್ಥಳೀಯ ಮೀನುಗಳ ಮತ್ತು ಕಪ್ಪೆಗಳ ಮೊಟ್ಟೆಮರಿಗಳನ್ನೂ ತಿನ್ನುತ್ತದೆ. ಜಗತ್ತಿನ ಅತಿ ಕೆಟ್ಟ ನೂರು ಆಕ್ರಮಣಕಾರಿ ಪ್ರಭೇದಗಳ ಪಟ್ಟಿಯಲ್ಲಿ ಅದರ ಹೆಸರಿದೆ.

ಹಡಗಿನ ಹೊಟ್ಟೆಯ ನೀರು

ಸಮುದ್ರದ ಬಾಗಿಲ ಬಗ್ಗೆ ಚಿಕ್ಕದಾಗಿ ಹೇಳಿ ಮುಂದೆ ಹೋಗುತ್ತೇನೆ. ಸರಕು ಇಳಿಸಿದ ಹಡಗು ಹಗುರವಾಗಿ ವಾಲಾಡದಿರಲೆಂದು ತನ್ನ ಟ್ಯಾಂಕುಗಳಿಗೆ ಸಮುದ್ರದ ನೀರು ತುಂಬಿಕೊಳ್ಳುತ್ತದೆ. ಖಾಲಿ ಎತ್ತಿನಗಾಡಿಗೆ ಭಾರ ಸಮವಾಗಲೆಂದು ಕಲ್ಲು ಹೇರಿದ ಹಾಗೆ. ಇದಕ್ಕೆ ಬ್ಯಾಲಸ್ಟ್ ನೀರು ಎನ್ನುತ್ತಾರೆ. ಇನ್ನೊಂದು ಬಂದರಿನಲ್ಲಿ ಸರಕು ತುಂಬುವಾಗ ಆ ನೀರನ್ನು ಅಲ್ಲೇ ಚೆಲ್ಲುತ್ತದೆ, ಅದರೊಳಗಿನ ಮೊಟ್ಟೆ, ಮರಿ, ಪಾಚಿಗಳ ಸಮೇತ.

ಕಪ್ಪು ಸಮುದ್ರ ಮತ್ತು ಕ್ಯಾಸ್ಪಿಯನ್ ಸೀಮೆಯ ಝೀಬ್ರಾ ಮಸಲ್ ಎಂಬ ಚಿಪ್ಪುಜೀವಿ ಹೀಗೆ ಅಮೆರಿಕ, ಕೆನಡಾಗಳ ಮಹಾಸರೋವರಗಳಿಗೆ ಬಂತು. 1988ರಲ್ಲಿ ಮೊದಲು ಕಂಡಿತು, ಮರುವರ್ಷವೇ ಮಿಶಿಗನ್ ರಾಜ್ಯದ ಮನ್ರೋ ಪಟ್ಟಣದ ನೀರಿನ ಕೊಳವೆಯೊಳಗೆ ತುಂಬಿ ಅದನ್ನು ಮುಚ್ಚಿಬಿಟ್ಟಿತು. ಜನರ ನಲ್ಲಿಗೆ ಪೆಟ್ಟು ಬಿದ್ದಾಗ ಸಂಸತ್ತಿಗೆ ಎಚ್ಚರವಾಯಿತು. 1990ರಲ್ಲಿ ಅಮೆರಿಕ ಜಲ ಆಕ್ರಮಣಕಾರಿಗಳಿಗೆಂದೇ ಕಾಯ್ದೆ ಮಾಡಿತು. ಅಲ್ಲಿನ ಹಲವು ರಾಜ್ಯಗಳಲ್ಲಿ ಇಂದು ಒಂದು ಸರೋವರದಿಂದ ತೆಗೆದ ದೋಣಿಯನ್ನು ತೊಳೆದು, ನೀರು ಬಸಿದು, ಒಣಗಿಸಿ ಆಮೇಲೆ ಇನ್ನೊಂದಕ್ಕೆ ಇಳಿಸಬೇಕು. ಮಿಶಿಗನ್, ಮಿನೆಸೋಟಗಳಲ್ಲಿ ನೆಲೆಸಿ ವಾರಾಂತ್ಯಕ್ಕೆ ದೋಣಿ ಎಳೆದೊಯ್ಯುವ ಕನ್ನಡಿಗರಿಗೆ ಈ ನಿಯಮ ಪರಿಚಿತ.

ಜಾಗತಿಕ ಮಟ್ಟದಲ್ಲಿ 2004ರ ಬ್ಯಾಲಸ್ಟ್ ನೀರಿನ ಒಪ್ಪಂದ 2017ರ ಸೆಪ್ಟೆಂಬರ್ 8ರಂದು ಜಾರಿಗೆ ಬಂತು. ನಡುಸಮುದ್ರದಲ್ಲಿ ನೀರು ಬದಲಿಸುವುದು ಅದರ ಮೊದಲ ಹಂತ, ಹಡಗಿನಲ್ಲೇ ನೀರನ್ನು ಶುದ್ಧೀಕರಿಸುವ ಯಂತ್ರ ಇಡುವುದು ಎರಡನೆಯದು. ಕೇರಳದ ಹಿನ್ನೀರಿನಲ್ಲಿ ಇತ್ತೀಚಿನ ವರ್ಷಗಳಲ್ಲಿ ಹರಡಿರುವ ಅಮೆರಿಕ ಮೂಲದ ಚಾರು ಮಸಲ್ ನಮ್ಮ ಪಶ್ಚಿಮ ಕರಾವಳಿಯೂ ಈ ಅಪಾಯದ ಹೊರಗಿಲ್ಲ ಎನ್ನುತ್ತದೆ.

ನಿಷೇಧವಾದರೂ ಸಿಗುವ ಮೀನು

ಆಫ್ರಿಕನ್ ಕ್ಯಾಟ್‌ಫಿಶ್ ಕತೆಯಲ್ಲಿ ಕಾನೂನಿನ ಬಲವೂ ಮಿತಿಯೂ ಒಟ್ಟಿಗೆ ಕಾಣುತ್ತವೆ. ಈ ಮೀನು ಅನುಮತಿ ಇಲ್ಲದೆ 1990ರ ದಶಕದ ಆರಂಭದಲ್ಲಿ ಬಾಂಗ್ಲಾದೇಶದ ಕಡೆಯಿಂದ ಪಶ್ಚಿಮ ಬಂಗಾಳಕ್ಕೆ ಬಂದು ದೇಶದುದ್ದಕ್ಕೂ ಹರಡಿತು. ಕಿವಿರಿನ ಜೊತೆಗೆ ಗಾಳಿಯನ್ನೇ ಉಸಿರಾಡುವ ಅಂಗವೂ ಅದಕ್ಕಿದೆ. ಆದ್ದರಿಂದ ಬೇರೆ ಮೀನು ಸಾಯುವ ಕೊಳಚೆಯಲ್ಲೂ ಬದುಕುತ್ತದೆ. ಮೀನು, ಕಪ್ಪೆ, ಹುಳ, ಕೊಳೆತ ಮಾಂಸ ಎಲ್ಲವನ್ನೂ ತಿನ್ನುತ್ತದೆ. ಕೆಲವೇ ತಿಂಗಳಲ್ಲಿ ಕಿಲೋ ತೂಗುತ್ತದೆ.

ಸಾಕುವವರ ದೃಷ್ಟಿಯಿಂದ ನೋಡಿ. ಸಣ್ಣ ಹೊಂಡ, ಕೋಳಿ ಅಂಗಡಿಯಿಂದ ಪುಕ್ಕಟೆ ಸಿಗುವ ತ್ಯಾಜ್ಯ, ಖಚಿತ ಗಿರಾಕಿ. ಇದರಷ್ಟು ಕಡಿಮೆ ಬಂಡವಾಳದ ಮೀನು ಇನ್ನೊಂದಿಲ್ಲ. ಕೆರೆಯ ದೃಷ್ಟಿಯಿಂದ ನೋಡಿದರೆ, ಮಳೆಗೆ ಹೊಂಡ ಒಡೆದು ಒಂದಿಷ್ಟು ಮೀನು ಹರಿದುಹೋದರೆ ಸಾಕು, ಕೆಳಗಿನ ಕೆರೆಯಲ್ಲಿ ಅವೇ ದೊರೆಗಳು. ನಮ್ಮದೇ ಆದ ಮಾಗೂರ್ ಜಾತಿಯ ದೇಸಿ ಕ್ಯಾಟ್‌ಫಿಶ್ ಈಗಾಗಲೇ ಅಳಿವಿನಂಚಿನ ಪಟ್ಟಿಯಲ್ಲಿದೆ. ಅದರ ಹೆಸರನ್ನೇ ಹೊತ್ತು ಈ ಆಫ್ರಿಕನ್ ಮೀನು ‘ಥಾಯ್ ಮಾಗೂರ್’ ಎಂದು ಮಾರಾಟವಾಗುತ್ತದೆ.

ಕೇಂದ್ರ ಸರ್ಕಾರ 1990ರ ದಶಕದ ಕೊನೆಯಲ್ಲೇ ಇದರ ಸಾಕಣೆಯನ್ನು ನಿಲ್ಲಿಸಿ ಇರುವ ಮೀನುಗಳನ್ನು ನಾಶ ಮಾಡುವಂತೆ ರಾಜ್ಯಗಳಿಗೆ ಸೂಚಿಸಿತು. ಬಳಿಕ ರಾಷ್ಟ್ರೀಯ ಹಸಿರು ನ್ಯಾಯಮಂಡಳಿಯೂ ಗಟ್ಟಿಯಾಗಿ ಹೇಳಿತು. ಕರ್ನಾಟಕದಲ್ಲೂ ಸಾಕಣೆ ನಿಷಿದ್ಧ. ಬೆಂಗಳೂರಿನ ಸುತ್ತಮುತ್ತ ಅಧಿಕಾರಿಗಳು ದಾಳಿ ಮಾಡಿ ಹೊಂಡ ಮುಚ್ಚಿಸಿದ ಸುದ್ದಿಗಳು ಪತ್ರಿಕೆಗಳಲ್ಲಿ ಬರುತ್ತಲೇ ಇರುತ್ತವೆ.

ಹಾಗಾದರೆ ಅದು ಇನ್ನೂ ಮಾರುಕಟ್ಟೆಯಲ್ಲಿ ಏಕಿದೆ? ಮೂಲ ನಿಷೇಧ ಬಂದದ್ದು ಸಂಸತ್ತಿನ ಕಾಯ್ದೆಯ ಮೂಲಕವಲ್ಲ, ಸರ್ಕಾರಿ ಆದೇಶದ ಮೂಲಕ. ಜಾರಿ ಮಾಡಬೇಕಾದದ್ದು ಪ್ರತಿ ರಾಜ್ಯ, ತನ್ನ ಕೈಯಲ್ಲಿರುವ ಕಾನೂನುಗಳನ್ನು ಹುಡುಕಿಕೊಂಡು. ಒಂದು ಜಿಲ್ಲೆಯಲ್ಲಿ ದಾಳಿ ಬಿಗಿಯಾದರೆ ಹೊಂಡ ಪಕ್ಕದ ಜಿಲ್ಲೆಗೆ ಸರಿಯುತ್ತದೆ, ಇಲ್ಲವೇ ಗಡಿ ದಾಟುತ್ತದೆ. ಜೀವಂತ ಮೀನು ತುಂಬಿದ ಲಾರಿಯೊಳಗೆ ಯಾವ ಜಾತಿ ಇದೆ ಎಂದು ಗುರುತಿಸಬಲ್ಲ ಕಣ್ಣು ಎಲ್ಲ ತಪಾಸಣಾ ಠಾಣೆಗಳಲ್ಲಿ ಇರುವುದಿಲ್ಲ. ಕಡಿಮೆ ಬೆಲೆಗೆ ಮೀನು ತಿನ್ನುವವರ ಬೇಡಿಕೆಯಂತೂ ಆದೇಶದಿಂದ ಕರಗುವಂಥದ್ದಲ್ಲ.

2022ರ ತಿದ್ದುಪಡಿ

ಈ ಕೊರತೆಯನ್ನು ತುಂಬಲು ಬಂದದ್ದು ವನ್ಯಜೀವಿ (ಸಂರಕ್ಷಣೆ) ತಿದ್ದುಪಡಿ ಕಾಯ್ದೆ, 2022. 2023ರ ಏಪ್ರಿಲ್ 1ರಿಂದ ಜಾರಿಯಲ್ಲಿದೆ. 1972ರ ಮೂಲ ಕಾಯ್ದೆ ವನ್ಯಜೀವಿಗಳನ್ನು ಮುಖ್ಯವಾಗಿ ಬೇಟೆಗಾರರಿಂದ ಕಾಪಾಡಲು ಬರೆದದ್ದು. ಒಂದು ಜೀವಿಯಿಂದ ಇನ್ನೊಂದಕ್ಕೆ ಆಗುವ ಅಪಾಯದ ಮಾತು ಅದರಲ್ಲಿ ಇರಲಿಲ್ಲ.

ತಿದ್ದುಪಡಿ ‘ಆಕ್ರಮಣಕಾರಿ ಅನ್ಯ ಪ್ರಭೇದ’ ಎಂಬುದಕ್ಕೆ ಕಾಯ್ದೆಯಲ್ಲೇ ವ್ಯಾಖ್ಯೆ ಕೊಟ್ಟಿತು: ಭಾರತಕ್ಕೆ ಸಹಜವಲ್ಲದ, ಬಂದರೆ ಅಥವಾ ಹರಡಿದರೆ ವನ್ಯಜೀವಿಗೋ ಅದರ ನೆಲೆಗೋ ಅಪಾಯ ಒಡ್ಡಬಹುದಾದ ಪ್ರಾಣಿ ಅಥವಾ ಸಸ್ಯ. 62ಎ ಎಂಬ ಹೊಸ ಕಲಮಿನ ಪ್ರಕಾರ ಕೇಂದ್ರ ಸರ್ಕಾರ ಅಧಿಸೂಚನೆ ಹೊರಡಿಸಿ ಇಂಥ ಪ್ರಭೇದದ ಆಮದು, ವ್ಯಾಪಾರ, ಇಟ್ಟುಕೊಳ್ಳುವಿಕೆ, ವೃದ್ಧಿ ನಾಲ್ಕನ್ನೂ ನಿಯಂತ್ರಿಸಬಹುದು ಅಥವಾ ನಿಷೇಧಿಸಬಹುದು. ಅಧಿಕಾರ ಪಡೆದ ಅಧಿಕಾರಿ ಅವನ್ನು ವಶಪಡಿಸಿಕೊಂಡು ನಾಶ ಮಾಡಲೂಬಹುದು. ಬಾಗಿಲಲ್ಲಿ ಮಾತ್ರವಲ್ಲ, ಮನೆಯೊಳಗೆ ಬಂದವನನ್ನೂ ಹಿಡಿಯಬಲ್ಲ ಅಧಿಕಾರ ಇದು.

ಇಲ್ಲಿ ‘ಅಧಿಸೂಚನೆ’ ಎಂಬ ಪದವನ್ನು ಗಮನಿಸಬೇಕು. ಕಾಯ್ದೆ ತಾನಾಗಿ ಯಾವ ಮೀನನ್ನೂ ನಿಷೇಧಿಸುವುದಿಲ್ಲ, ಯಾವ ಗಿಡವನ್ನೂ ಹೆಸರಿಸುವುದಿಲ್ಲ. ಹೆಸರು ಅಧಿಸೂಚನೆಯಲ್ಲಿ ಬಂದಾಗ ಮಾತ್ರ ಕಲಮಿಗೆ ಜೀವ. ಕತ್ತಿ ಕೊಟ್ಟಿದೆ, ಅದನ್ನು ಒರೆಯಿಂದ ತೆಗೆಯುವುದು ಬೇರೆ ಕೆಲಸ.

ಅಕ್ವೇರಿಯಂ ವ್ಯಾಪಾರಕ್ಕೂ ಈ ಅಧಿಕಾರ ಮುಟ್ಟಬಹುದು. 2020ರಲ್ಲಿ ವಾರಾಣಸಿಯ ಗಂಗೆಯಲ್ಲಿ ಅಮೆಜಾನಿನ ಸಕ್ಕರ್ ಮೀನು, 2023ರಲ್ಲಿ ಶ್ರೀನಗರದ ದಾಲ್ ಸರೋವರದಲ್ಲಿ ಉತ್ತರ ಅಮೆರಿಕದ ಮೊಸಳೆಮೂತಿಯ ಅಲಿಗೇಟರ್ ಗಾರ್ ಸಿಕ್ಕವು. ಇಂಥವು ಈಜಿ ಬಂದವಲ್ಲ. ಗಾಜಿನ ತೊಟ್ಟಿಯಲ್ಲಿ ದೊಡ್ಡದಾದ ಮೀನನ್ನು ಕೊಲ್ಲಲು ಮನಸ್ಸಾಗದೆ ಯಾರೋ ಕರುಣೆಯಿಂದ ನೀರಿಗೆ ಬಿಟ್ಟಾಗ ಹೀಗಾಗುತ್ತದೆ.

ದೇಶದೊಳಗಿನ ಅನ್ಯ

‘ಭಾರತಕ್ಕೆ ಸಹಜವಲ್ಲದ’ ಎಂಬ ಮಾತಿನಲ್ಲಿ ಒಂದು ಬಿರುಕಿದೆ, ಅದು ತೆರೆದುಕೊಳ್ಳುವುದು ನಮ್ಮ ಕಾವೇರಿಯಲ್ಲೇ. ಕಾವೇರಿಯ ಹೊಳೆಗಳಲ್ಲಿ ಬೆನ್ನ ಮೇಲೆ ದಿಬ್ಬವಿರುವ ದೈತ್ಯ ಮಹಶೀರ್ ಇತ್ತು. ಬೇರೆಲ್ಲೂ ಇಲ್ಲದ, ಈ ನದೀಪಾತ್ರಕ್ಕೆ ಮಾತ್ರ ಸೇರಿದ ಮೀನು. ಮಹಶೀರ್ ಸಂತತಿ ಕುಗ್ಗುತ್ತಿದೆ ಎಂಬ ಕಳಕಳಿಯಿಂದ 1970ರ ದಶಕದ ನಂತರ ಮಹಾರಾಷ್ಟ್ರದ ಲೋನಾವಳದ ಮರಿ ಉತ್ಪಾದನಾ ಕೇಂದ್ರದಿಂದ ಮಹಶೀರ್ ಮರಿಗಳನ್ನು ತಂದು ಕಾವೇರಿಗೆ ಬಿಡಲಾಯಿತು. ಅವು ಬೇರೆ ಜಾತಿಯವು, ನೀಲಿ ರೆಕ್ಕೆಯ ಮಹಶೀರ್. ಹೊಸಬರು ಹೆಚ್ಚಿದರು, ಹಳಬರು ಕಾಣೆಯಾಗುತ್ತ ಹೋದರು. ದಿಬ್ಬದ ಮಹಶೀರ್‌ಗೆ ವಿಜ್ಞಾನಿಗಳು ಸರಿಯಾದ ವೈಜ್ಞಾನಿಕ ಹೆಸರು ಗುರುತಿಸಿದ್ದು 2018ರಲ್ಲಿ. ಅದೇ ವರ್ಷ ಅದು ತೀವ್ರ ಅಳಿವಿನಂಚಿನ ಜೀವಿಗಳ ಪಟ್ಟಿ ಸೇರಿತು.

ನೀಲಿ ರೆಕ್ಕೆಯ ಮಹಶೀರ್ ಭಾರತದ್ದೇ. ಆದ್ದರಿಂದ 2022ರ ವ್ಯಾಖ್ಯೆಯ ಪ್ರಕಾರ ಅದು ಕಾವೇರಿಯಲ್ಲೂ ಅನ್ಯವಲ್ಲ. ಮಸೂದೆಯನ್ನು ಪರಿಶೀಲಿಸಿದ ಸಂಸದೀಯ ಸ್ಥಾಯಿ ಸಮಿತಿ, ದೇಶದ ಒಂದು ಭಾಗದ ಜೀವಿ ಇನ್ನೊಂದು ಭಾಗದಲ್ಲಿ ಆಕ್ರಮಣಕಾರಿ ಆಗಬಹುದು ಎಂಬುದನ್ನು ವ್ಯಾಖ್ಯೆಯಲ್ಲಿ ಸೇರಿಸಲು ಹೇಳಿತ್ತು. ಅದು ಸೇರಲಿಲ್ಲ. ನದಿಗಳಿಗೆ ದೇಶದ ಗಡಿ ಗೊತ್ತಿಲ್ಲ, ತಮ್ಮ ಕಣಿವೆಯ ಗಡಿ ಮಾತ್ರ ಗೊತ್ತು. ಈ ಲೋಪ ನನ್ನನ್ನು ಬೇರೆಲ್ಲಕ್ಕಿಂತ ಹೆಚ್ಚು ಕಾಡುತ್ತದೆ, ಏಕೆಂದರೆ ಇಲ್ಲಿ ಹಾನಿ ಆದದ್ದು ಒಳ್ಳೆಯದನ್ನು ಮಾಡಲು ಹೊರಟವರ ಕೈಯಿಂದ.

ಹುಳ ಬಿಟ್ಟು ಗೆದ್ದ ಕತೆ

ಗೆದ್ದ ಉದಾಹರಣೆ ಇಲ್ಲವೇ? ಇದೆ, ಅದರ ಬೇರು ಬೆಂಗಳೂರಿನಲ್ಲೇ ಇದೆ. ಬ್ರೆಜಿಲ್ ಮೂಲದ ಸಾಲ್ವಿನಿಯ ಎಂಬ ತೇಲುವ ಜರೀಗಿಡ 1970ರ ದಶಕದಲ್ಲಿ ಕೇರಳದ ಕುಟ್ಟನಾಡಿನ ಗದ್ದೆ, ಕಾಲುವೆಗಳನ್ನು ಮುಚ್ಚಿತ್ತು. ಅಲ್ಲಿನವರು ಅದನ್ನು ಆಫ್ರಿಕನ್ ಪಾಯಲ್ ಎನ್ನುತ್ತಿದ್ದರು. 1980ರ ದಶಕದ ಆರಂಭದಲ್ಲಿ ಹೆಸರಘಟ್ಟದ ಭಾರತೀಯ ತೋಟಗಾರಿಕಾ ಸಂಶೋಧನಾ ಸಂಸ್ಥೆಯ ವಿಜ್ಞಾನಿಗಳು ಈ ಗಿಡವನ್ನು ಮಾತ್ರ ತಿನ್ನುವ ಮೂತಿಹುಳುವನ್ನು ಆಸ್ಟ್ರೇಲಿಯಾದಿಂದ ತರಿಸಿದರು. ಅನ್ಯಜೀವಿಯನ್ನು ಓಡಿಸಲು ಇನ್ನೊಂದು ಅನ್ಯಜೀವಿ!

ಇಲ್ಲಿ ಕಾನೂನಿನ ಪಾತ್ರ ದೊಡ್ಡದು. ಹುಳವನ್ನು ತರಲು ಸರ್ಕಾರದ ಪರವಾನಗಿ ಬೇಕು. ಬಂದ ಹುಳವನ್ನು ಮುಚ್ಚಿದ ಕೋಣೆಯಲ್ಲಿಟ್ಟು ನಮ್ಮ ಬೆಳೆಗಳನ್ನು ಅದರ ಮುಂದಿಟ್ಟು ನೋಡಬೇಕು. ಹಸಿವಿನಿಂದ ಸತ್ತರೂ ಬೇರೆ ಗಿಡ ತಿನ್ನುವುದಿಲ್ಲ ಎಂದು ಖಚಿತವಾದ ಮೇಲಷ್ಟೇ ಬಿಡುಗಡೆ. ಬೆಂಗಳೂರಿನ ಒಂದು ತಾವರೆಕೊಳದಲ್ಲಿ ಮೊದಲು ಬಿಟ್ಟರು, ಹನ್ನೊಂದು ತಿಂಗಳಲ್ಲಿ ಸಾಲ್ವಿನಿಯ ಕುಸಿಯಿತು. ನಂತರ ಕೇರಳದಲ್ಲಿ ಬಿಟ್ಟಾಗ ಮೂರು ವರ್ಷಗಳಲ್ಲಿ ಹೆಚ್ಚಿನ ಕಾಲುವೆಗಳು ತೆರೆದವು. ಕುಟ್ಟನಾಡಿನಲ್ಲಿ ಕಳೆ ಕೀಳುವ ಕೂಲಿಯಲ್ಲೇ ವರ್ಷಕ್ಕೆ ಸುಮಾರು 68 ಲಕ್ಷ ರೂಪಾಯಿ ಉಳಿಯಿತು ಎಂಬುದು ಆ ಕಾಲದ ಲೆಕ್ಕ.

ಅದೇ ಸಂಸ್ಥೆ ಹಯಸಿಂತ್ ತಿನ್ನುವ ಎರಡು ಜಾತಿಯ ಮೂತಿಹುಳುಗಳನ್ನೂ ತಂದು ಬೆಂಗಳೂರು ಸೀಮೆಯ ಕೆರೆಗಳಲ್ಲಿ ಬಿಟ್ಟಿತು. ಕೆಲವು ಕಡೆ ಎರಡು ಮೂರು ವರ್ಷದಲ್ಲಿ ಒಳ್ಳೆಯ ಫಲ ಬಂತು. ಹಾಗಾದರೆ ಇಂದಿನ ಹಸಿರು ಬಯಲಿಗೆ ಏನು ಕಾರಣ? ಹುಳ ನಿಧಾನಿ. ಎಲೆ ಕೆರೆದು, ಅದರ ಮರಿ ತೊಟ್ಟು ಕೊರೆದು, ತೂತಾದ ಗಿಡಕ್ಕೆ ನೀರು ನುಗ್ಗಿ ಮುಳುಗಬೇಕು. ಕೆರೆಗೆ ದಿನವೂ ಒಳಚರಂಡಿಯ ಸಾರಜನಕ, ರಂಜಕ ಬಂದು ಬೀಳುತ್ತಿದ್ದರೆ ಹುಳ ತಿನ್ನುವುದಕ್ಕಿಂತ ವೇಗವಾಗಿ ಗಿಡ ಚಿಗುರುತ್ತದೆ. ಯಂತ್ರ ಬಂದು ಗಿಡ ಬಾಚಿದಾಗ ಅದರ ಮೇಲಿದ್ದ ಹುಳವೂ ದಡಕ್ಕೆ ಹೋಗಿ ಸಾಯುತ್ತದೆ. ಉಳಿದ ಗಿಡ ಕಾವಲಿಲ್ಲದೆ ಮತ್ತೆ ಹರಡುತ್ತದೆ.

ಆದ್ದರಿಂದ ಬೆಂಗಳೂರಿನ ಹಯಸಿಂತ್‌ಗೆ ನಿಜವಾಗಿ ಅನ್ವಯಿಸುವ ಕಾನೂನು ಕಳೆಯ ಹೆಸರಿನದ್ದೇ ಅಲ್ಲ. ಅದು 1974ರ ಜಲ ಮಾಲಿನ್ಯ ತಡೆ ಕಾಯ್ದೆ. ಕೊಳಚೆಯನ್ನು ಶುದ್ಧೀಕರಿಸದೆ ಕೆರೆಗೆ ಬಿಡುವುದನ್ನು ತಡೆದರೆ ಗಿಡದ ಊಟ ನಿಲ್ಲುತ್ತದೆ. ಬೆಳ್ಳಂದೂರು ಕೆರೆ 2015ರಿಂದ 2018ರ ನಡುವೆ ಪದೇ ಪದೇ ಹೊತ್ತಿ ಉರಿದಾಗ ಹಸಿರು ನ್ಯಾಯಮಂಡಳಿ ಮುಖ್ಯವಾಗಿ ಹಿಡಿದದ್ದೂ ಈ ಎಳೆಯನ್ನೇ.

ಕಂಡರೆ ಎಲ್ಲಿಗೆ ಹೇಳುವುದು

ನಿಮ್ಮೂರ ಕೆರೆಯಲ್ಲಿ ಗುರುತಿಲ್ಲದ ಮೀನು ಬಲೆಗೆ ಬಿದ್ದರೆ ಅದನ್ನು ಮತ್ತೆ ನೀರಿಗೆ ಬಿಡಬೇಡಿ. ಫೋಟೋ ತೆಗೆದು ತಾಲ್ಲೂಕಿನ ಮೀನುಗಾರಿಕೆ ಸಹಾಯಕ ನಿರ್ದೇಶಕರ ಕಚೇರಿಗೆ ತಿಳಿಸಿ. ಕೆರೆ ಅರಣ್ಯ ಅಥವಾ ಪಕ್ಷಿಧಾಮದ ವ್ಯಾಪ್ತಿಯದ್ದಾದರೆ ಅರಣ್ಯ ಇಲಾಖೆಗೆ. ತೇಲುವ ಕಳೆಯಾದರೆ ಕೆರೆಯ ಒಡೆತನ ಯಾರದು ಎಂದು ಮೊದಲು ನೋಡಿ: ನಗರದಲ್ಲಿ ಪಾಲಿಕೆ, ಹಳ್ಳಿಯಲ್ಲಿ ಅಚ್ಚುಕಟ್ಟಿನ ಗಾತ್ರದ ಮೇಲೆ ಪಂಚಾಯಿತಿ ಅಥವಾ ಸಣ್ಣ ನೀರಾವರಿ ಇಲಾಖೆ. ಮೊದಲ ಗುಂಟೆಯಲ್ಲೇ ಹೇಳಿ. ಮನೆಯ ಅಕ್ವೇರಿಯಂನ ಮೀನು ಬೇಡವಾದರೆ ತಂದ ಅಂಗಡಿಗೇ ಹಿಂತಿರುಗಿಸಿ ಅಥವಾ ಸಾಕುವ ಇನ್ನೊಬ್ಬರಿಗೆ ಕೊಡಿ. ಕೆರೆಗೂ ಬೇಡ, ದೇವಸ್ಥಾನದ ಕಲ್ಯಾಣಿಗೂ ಬೇಡ.

ಇನ್ನೊಂದು ಕಡೆ ಹೇಳುವುದಿದೆ. 2002ರ ಜೀವವೈವಿಧ್ಯ ಕಾಯ್ದೆಯ ಪ್ರಕಾರ ಪ್ರತಿ ಸ್ಥಳೀಯ ಸಂಸ್ಥೆಯಲ್ಲೂ ಜೀವವೈವಿಧ್ಯ ನಿರ್ವಹಣಾ ಸಮಿತಿ ಇರಬೇಕು, ಅದು ಜನತಾ ಜೀವವೈವಿಧ್ಯ ದಾಖಲಾತಿ ಬರೆಯಬೇಕು. ಬಹಳ ಕಡೆ ಆ ದಪ್ಪ ಪುಸ್ತಕ ಕಚೇರಿಯ ಬೀರುವಿನಲ್ಲಿದೆ. ನಿಮ್ಮೂರಿನಲ್ಲಿ ಹಿಂದೆ ಯಾವ ಮೀನು ಸಿಗುತ್ತಿತ್ತು, ಯಾವುದು ಯಾವ ವರ್ಷದಿಂದ ಬಂತು, ಯಾವುದು ಕಾಣೆಯಾಯಿತು ಎಂಬುದು ಬಲೆ ಬೀಸಿದ ಹಿರಿಯರಿಗೆ ನೆನಪಿರುತ್ತದೆ. ಮುಂದಿನ ಗ್ರಾಮಸಭೆಯಲ್ಲಿ ಆ ಪುಸ್ತಕವನ್ನು ಹೊರಗೆ ತೆಗೆಸಿ, ಅವರ ಮಾತನ್ನು ಅದರಲ್ಲಿ ಬರೆಸಿ. ಕೇಂದ್ರದ ಅಧಿಸೂಚನೆಯಲ್ಲಿ ಯಾವ ಜೀವಿಯ ಹೆಸರು ಸೇರಬೇಕು ಎಂಬ ಚರ್ಚೆಗೆ ಬೇಕಾಗುವುದು ಇಂಥ ಸಾಕ್ಷ್ಯವೇ.